ಬಿಳಿ ಹೂವಿನ ಗ್ರಹದಲ್ಲಿ ನಮ್ಮ ಅತ್ತೆ

ನನ್ನ ಅತ್ತೆ ಸರ್ವಮಂಗಳಾ ಅವರಿಗೆ ಮೂಡಿಗೆರೆ ಸಂತೆಗೆ ಹೋಗಿಬಂದರೂ ಸುಸ್ತು. ಆದರೆ ಬೇರೆ ಗ್ರಹಗಳ ಮೇಲೆ ದಿನಾ ತಿರುಗುತ್ತಾರೆ. ಹೋದ ಮಳೆಗಾಲದಲ್ಲಿ ನ್ಯುಮೋನಿಯಾ ಬಂದು ಹೋದಮೇಲೆ ಅವರ ಉಸಿರು ಮೊದಲಿನಂತಿಲ್ಲ. ಜಗಲಿಯ ಮೆಟ್ಟಿಲು ಹತ್ತಿದರೂ ಏದುಸಿರು. ಕಾಫಿ ತೋಟದ ಕಡೆ ಹೊರಟರೆ ನಾನು ಅಡ್ಡ ನಿಲ್ಲುತ್ತಿದ್ದೆ, ಬಯ್ಯುತ್ತಲೂ ಇದ್ದೆ. ಆಗ ನನ್ನ ಮಗಳು ಗಗನಾ ಅಜ್ಜಿಯ ಕೈಗೆ ತನ್ನ ವಿಡಿಯೋ ಗೇಮಿನ ರಿಮೋಟು ಕೊಟ್ಟಳು.

ಆ ಆಟದಲ್ಲಿ ಒಬ್ಬಳು ಗಗನಯಾತ್ರಿ. ಗ್ರಹದಿಂದ ಗ್ರಹಕ್ಕೆ ಹಾರಿ, ಇಳಿದು, ನಡೆದು ಹೊಸ ಕಲ್ಲು, ಹೊಸ ಗಿಡ ಹುಡುಕಬೇಕು. ಟಿ.ವಿ.ಯ ಮೂಲೆಯಲ್ಲಿ ಕಾಣುವ ಹಸಿರು ಪಟ್ಟಿಯೇ ಅವಳ ದಮ್ಮು. ಓಡಿದರೆ ಕರಗುತ್ತದೆ, ನಿಂತರೆ ತುಂಬುತ್ತದೆ. ಪೂರ್ತಿ ಖಾಲಿಯಾದರೆ ಹುಡುಗಿ ಕುಸಿದು ಬೀಳುತ್ತಾಳೆ. ಗಗನಾ ಆಡಿದಾಗಲೆಲ್ಲ ಆ ಹುಡುಗಿ ಬೀಳುತ್ತಿದ್ದಳು. ಅತ್ತೆ ಮಾತ್ರ ಗುಡ್ಡವನ್ನು ನೆಟ್ಟಗೆ ಹತ್ತಿಸದೆ ತೋಟದ ಕಾಲುದಾರಿಯಂತೆ ಓರೆಯಲ್ಲಿ ನಡೆಸುವರು, ಹೊತ್ತ ಕಲ್ಲುಗಳನ್ನು ಬಿಸಾಡಿಸುವರು, ಪಟ್ಟಿ ಅರ್ಧಕ್ಕಿಳಿಯುವ ಮೊದಲೇ ನಿಲ್ಲಿಸುವರು.

“ಪಾಪ, ಇವಳಿಗೂ ನನ್ ಹಾಗೇ. ಸ್ವಲ್ಪ ಸುಧಾರಿಸ್ಕೊಳ್ಲಿ ಮಾರಾಯ್ತಿ.”

ಹುಡುಗಿ ನಿಂತಷ್ಟು ಹೊತ್ತೂ ಅವಳ ಜೊತೆ ಇವರೂ ಎರಡು ಚಂದ್ರರನ್ನು ನೋಡುತ್ತಾ ಕೂರುವರು. ಒಲೆಯ ಮೇಲೆ ಹಾಲು ಉಕ್ಕಿದರೂ ಗೊತ್ತಾಗುತ್ತಿರಲಿಲ್ಲ.

ಒಂದು ಸಂಜೆ ಆ ಹುಡುಗಿ ಕಣಿವೆ ತುಂಬ ಬಿಳಿ ಹೂವಿದ್ದ ಗ್ರಹದಲ್ಲಿ ಇಳಿದಳು. ಕಲ್ಲು, ಗಿಡ ಹುಡುಕಿ ಮರಳಬೇಕಾದಾಗ ಅವಳ ನೌಕೆ ಕಣಿವೆಯ ಆಚೆ ಬದಿಯಲ್ಲಿತ್ತು.

“ಹೂವಿನ ಮಧ್ಯ ಹೋಗಜ್ಜಿ, ಹತ್ರ ಆಗತ್ತೆ,” ಅಂದಳು ಗಗನಾ.

“ಹೂ ಬಿಟ್ಟಾಗ ತೋಟಕ್ಕೆ ಕಾಲಿಡ್ತಾರಾ? ಜೇನು ಕೆಲ್ಸ ಮಾಡ್ತಿರತ್ತೆ.”

“ಅಲ್ಲಿ ಜೇನೇ ಇಲ್ಲ ಅಜ್ಜಿ.”

“ನೀ ಹೋಗಿ ನೋಡಿದ್ಯಾ?”

ನಮ್ಮ ಕಡೆ ಕಾಫಿ ಹೂ ಅರಳಿದರೆ ಅದು ಬಾಡುವವರೆಗೆ ಯಾರೂ ಒಳಗೆ ಹೋಗುವುದಿಲ್ಲ, ಆಳುಗಳಿಗೂ ಅಲ್ಲಿ ಕೆಲಸ ಕೊಡುವುದಿಲ್ಲ. ಅದನ್ನು ಆಟದಲ್ಲೂ ಪಾಲಿಸಬೇಕೇ ಎಂದು ನಾನು ಗೊಣಗುತ್ತಿರುವಾಗಲೇ ಅತ್ತೆ ಕಣಿವೆಯನ್ನು ಸುತ್ತಿಸಿದರು. ಪಟ್ಟಿ ಕೆಂಪಾಯಿತು. ಅತ್ತೆಯ ಕೈಯಲ್ಲಿ ಹುಡುಗಿ ಮೊದಲ ಸಲ ಬಿದ್ದಳು. ನಾನು ನಕ್ಕೆ. ಅವರು ನಗಲಿಲ್ಲ.

“ಮೇಲಿನ ತೋಟದ ಹೂ ಈ ಸಲ ನೋಡಕ್ಕಾಗತ್ತೋ ಇಲ್ವೋ, ಸೌಮ್ಯಾ.”

ಅತ್ತೆ ಮದುವೆಯಾಗಿ ಬಂದ ವರ್ಷ ಮಾವನೂ ಅವರೂ ಸೇರಿ ನೆಟ್ಟ ತೋಟ ಅದು. ಮಾವ ತೀರಿಕೊಂಡ ವರ್ಷವೂ ಅವರು ಅದರ ಹೂ ನೋಡುವುದನ್ನು ತಪ್ಪಿಸಿರಲಿಲ್ಲ. ಮರುದಿನ ಡಾಕ್ಟರಿಗೆ ಫೋನು ಮಾಡಿದೆ. ನಿಂತು ನಿಂತು ನಡೆದರೆ ತೊಂದರೆಯಿಲ್ಲ ಎಂದರು.

ಕಾಫಿ ಮೊಗ್ಗು ಅರಳಿಸುವ ಹೂಮಳೆ ಬಿದ್ದು ವಾರ ಕಳೆದ ಒಂದು ಬೆಳಿಗ್ಗೆ, ಅಂಗಳಕ್ಕೆ ಪರಿಮಳ ಇಳಿದುಬಂತು. ಮೂವರೂ ಹೊರಟೆವು. ಮಂಜಿನಲ್ಲಿ ತೋಟದ ನೆರಳಿಗೆ ನೆಟ್ಟ ಸಿಲ್ವರ್ ಮರಗಳು ಬುಡವಿಲ್ಲದೆ ನಿಂತಿದ್ದವು. ಗಗನಾ ಅಜ್ಜಿಯ ಮುಖ ನೋಡುತ್ತಾ ಹಿಂದುಹಿಂದಕ್ಕೆ ನಡೆಯುತ್ತಿದ್ದಳು.

“ಪಟ್ಟಿ ಅರ್ಧಕ್ಕಿಳೀತು, ನಿಂತ್ಕೊ ಅಜ್ಜಿ.”

ಅತ್ತೆ ನಿಲ್ಲುವರು. ಮತ್ತೆ ಓರೆಯಲ್ಲಿ ನಾಲ್ಕು ಹೆಜ್ಜೆ. ನಾನು ಬಯ್ಯದೆ ಅವರ ಹಿಂದೆಯೇ ನಡೆದೆ.

ಬೇಲಿಯ ಹತ್ತಿರ ಬಂದಾಗ ಮಂಜು ಮುಗಿದದ್ದೆಲ್ಲಿ, ಹೂ ಶುರುವಾದದ್ದೆಲ್ಲಿ ತಿಳಿಯಲಿಲ್ಲ. ಬರೀ ಬಿಳುಪು, ಅದರೊಳಗೆ ಜೇನಿನ ಮೊರೆತ. ಅತ್ತೆ ಒಳಗೆ ಕಾಲಿಡದೆ ಬೇಲಿಯ ಬುಡದಲ್ಲೇ ಕೂತರು. ಅವರ ಕೆನ್ನೆ ಒದ್ದೆಯಾಗಿತ್ತು. ಎಷ್ಟು ಹೊತ್ತು ಕೂತೆವೋ ಗೊತ್ತಿಲ್ಲ. ಬಿಸಿಲು ಬಂತು. ಗಗನಾಳಿಗೆ ಹಸಿವಾಯಿತು.

“ಪಟ್ಟಿ ತುಂಬ್ತಾ ಅಜ್ಜಿ? ಹೋಗಣಾ?”

“ಇನ್ನೂ ಇಲ್ಲ ಮಗಾ. ಇನ್ನೊಂಚೂರು.”

ಅವರ ಉಸಿರು ಆಗಲೇ ಸರಿಹೋಗಿತ್ತು. ಪಕ್ಕದಲ್ಲೇ ಕೂತಿದ್ದ ನನಗೆ ಅದು ಕೇಳಿಸುತ್ತಿತ್ತು.

“ಅಜ್ಜಿಗೆ ಇನ್ನೂ ಸುಸ್ತಿದೆ, ಸುಮ್ನೆ ಕೂತ್ಕೋ,” ಎಂದೆ ಮಗಳಿಗೆ.