ಒಳಗೆ ಬಣ್ಣ ತುಂಬದ ಚುಕ್ಕೆ

ಮಕ್ಕಳೇ, ನೀವು ‘ನೆಕ್ಸ್ಟ್ ಡೋರ್ ಗ್ರ್ಯಾನಿ’ ಎಂದು ಕರೆಯುವ ಚೀನಾದ ಅಜ್ಜಿಯ ಅಡುಗೆಮನೆಯ ಗೋಡೆಗೆ ಒಂದು ದೊಡ್ಡ ನಕ್ಷೆ ಅಂಟಿಸಿದ್ದಾರಲ್ಲ, ಅದರ ಮುಂದೆ ನಾವಿಬ್ಬರು ಮುದುಕಿಯರು ಕಣ್ಣೊರೆಸಿಕೊಂಡ ದಿನ ನೀವು ಶಾಲೆಯಲ್ಲಿದ್ದಿರಿ. ಸಂಜೆ ಬಂದವರು ನನ್ನ ಮುಖ ನೋಡಿ, ‘ಅಜ್ಜಿ, ಆರ್ ಯೂ ಗ್ರ್ಯಾಂಡ್?’ ಎಂದು ಇಲ್ಲಿಯವರ ಹಾಗೆ ಕ್ಷೇಮ ಕೇಳಿದಿರಿ. ನಾನೂ ‘ಗ್ರ್ಯಾಂಡ್, ಗ್ರ್ಯಾಂಡ್’ ಎಂದು ತಟ್ಟೆಗೆ ದೋಸೆ ಹಾಕಿದೆ. ಎದುರು ಕೂತು ಇಂಥದ್ದನ್ನೆಲ್ಲ ಹೇಳುವ ಅಭ್ಯಾಸ ನನಗಿಲ್ಲ. ಬರೆಯುವಾಗ ಯಾರೂ ಮುಖ ನೋಡುವುದಿಲ್ಲ, ಹಾಗಾಗಿ ಬರೆಯುತ್ತಿದ್ದೇನೆ. ಓದಲು ಬಾರದಿದ್ದರೆ ಅಮ್ಮನ ಕೈಯಲ್ಲಿ ಓದಿಸಿಕೊಳ್ಳಿ.

ನಮ್ಮಿಬ್ಬರ ಸ್ನೇಹ ಶುರುವಾಗಿದ್ದು ಬಟ್ಟೆ ಒಣಗಿಸುವ ಹಗ್ಗದಿಂದ. ನಾನು ಐರ್ಲೆಂಡಿಗೆ, ಈ ನೇಸ್ ಊರಿಗೆ ಬಂದ ಹೊಸದು. ನಿಮ್ಮಮ್ಮ ಆಸ್ಪತ್ರೆಗೆ, ಅಪ್ಪ ಆಫೀಸಿಗೆ, ನೀವು ಶಾಲೆಗೆ ಹೋದಮೇಲೆ ಮನೆಯಲ್ಲಿ ಕೆಟಲ್ ಒಂದೇ ಸದ್ದು ಮಾಡುತ್ತಿತ್ತು. ಒಂದು ದಿನ ಹಿತ್ತಿಲಲ್ಲಿ ಬಟ್ಟೆ ಹರವುತ್ತಿದ್ದೆ. ಬೇಲಿಯಾಚೆ ಇನ್ನೊಬ್ಬ ಹೆಂಗಸು, ನನ್ನದೇ ವಯಸ್ಸು, ಅವಳೂ ಹರವುತ್ತಿದ್ದಳು. ಬಿಸಿಲು ಇದ್ದಂತೆಯೇ ಹನಿ ಬಿತ್ತು. ‘ಹ್ವಾಯ್, ಮಳಿ ಬತ್ತ್ ಕಾಣಿ!’ ಎಂದು ಕೂಗಿಬಿಟ್ಟೆ. ಅವಳೂ ಅವಳ ಮಾತಿನಲ್ಲಿ ಏನೋ ಕೂಗಿದಳು. ಇಬ್ಬರೂ ಓಡಿ ಓಡಿ ಬಟ್ಟೆ ಎಳೆದುಕೊಂಡೆವು. ಆಮೇಲೆ ಒದ್ದೆ ದಿಂಬಿನ ಚೀಲಗಳನ್ನು ಎದೆಗೆ ಅವುಚಿಕೊಂಡು, ಒಬ್ಬರನ್ನೊಬ್ಬರು ನೋಡಿ ನಕ್ಕೆವು.

ಒಳಗೆ ಬಂದಮೇಲೆ ನನಗೇ ಆಶ್ಚರ್ಯವಾಯಿತು. ಆ ಮಾತು ನನ್ನ ತವರಿನದು, ಕುಂದಾಪುರದ ಕಡೆಯದು. ಎಷ್ಟೋ ವರ್ಷಗಳಿಂದ ನನ್ನ ಬಾಯಿಂದ ಹೊರಗೆ ಬಂದಿರಲಿಲ್ಲ. ಕನ್ನಡವೇ ಬಾರದವರ ಮುಂದೆ ನಗೆಪಾಟಲಾಗುವ ಹೆದರಿಕೆ ಇರುವುದಿಲ್ಲವಲ್ಲ, ಅದಕ್ಕೇ ಬಂದಿರಬೇಕು. ಅಂದಿನಿಂದ ಅವಳನ್ನು ಅಕ್ಕ ಎಂದು ಕರೆದೆ. ಅವಳು ನನ್ನನ್ನು ಏನೋ ಒಂದು ಕರೆಯುತ್ತಾಳೆ, ಅದೂ ತಂಗಿ ಎಂದೇ ಇರಬೇಕೆಂದು ನಾನು ತಿಳಿದುಕೊಂಡಿದ್ದೇನೆ.

ಅಕ್ಕನ ಮೊಮ್ಮಗಳು ಡಬ್ಲಿನ್ನಿನಲ್ಲಿ ಓದುತ್ತಾಳೆ. ಅವಳ ಓದು ಏನೆಂದರೆ, ಚೀನಾದಲ್ಲಿ ಯಾವ ಊರಿನವರು ಯಾವ ರೀತಿ ಮಾತಾಡುತ್ತಾರೆ ಎಂದು ಕೇಳಿ, ಅದನ್ನು ನಕ್ಷೆಯ ಮೇಲೆ ಚುಕ್ಕೆ ಚುಕ್ಕೆಯಾಗಿ ಗುರುತು ಮಾಡುವುದು. ಒಂದೊಂದು ಮಾತಿಗೆ ಒಂದೊಂದು ನಕ್ಷೆ. ಗೋಡೆಯ ಮೇಲಿರುವುದು ಬಾಣಲೆಗೆ ಎಲ್ಲೆಲ್ಲಿ ಏನೆನ್ನುತ್ತಾರೆ ಎಂಬುದರ ನಕ್ಷೆ, ಅಕ್ಕನ ಪ್ರಾಂತ ಫೂಜಿಯಾನ್‌ನದು. ಅದರ ಮೂಲೆಯಲ್ಲಿ ಇಡೀ ಚೀನಾದ ಸಣ್ಣ ಚಿತ್ರವೂ ಇದೆ. ಅದರ ಉತ್ತರಕ್ಕೆಲ್ಲ ಒಂದೇ ಬಣ್ಣ, ಯಾರೋ ಕೈತುಂಬ ಬಣ್ಣ ತೆಗೆದುಕೊಂಡು ಒಂದೇ ಸಲ ಬಳಿದ ಹಾಗೆ. ಕೆಳಗೆ, ಸಮುದ್ರದ ಕಡೆಯ ಮೂಲೆಗೆ ಬಂದರೆ ರಂಗೋಲಿಯ ಬಟ್ಟಲುಗಳೆಲ್ಲ ಒಟ್ಟಿಗೆ ಚೆಲ್ಲಿದಂತಿದೆ. ಅಲ್ಲಿ ಬೆಟ್ಟಗಳು ಜಾಸ್ತಿಯಂತೆ. ಒಂದು ಕಣಿವೆಯವರಿಗೆ ಮುಂದಿನ ಕಣಿವೆಯವರ ಮಾತು ತಿಳಿಯುವುದಿಲ್ಲ. ಹೊಳೆಯ ಉದ್ದಕ್ಕೂ ದೋಣಿ ಹೋದಷ್ಟು ದೂರ ಮಾತೂ ಹೋಗಿದೆ. ದೋಣಿ ನಿಂತಲ್ಲಿ ಮಾತೂ ನಿಂತಿದೆ.

ಬಾಣಲೆಯ ನಕ್ಷೆಯಲ್ಲಿ ಹೊಳೆಯ ಕೆಳಗಿನ ಊರುಗಳೆಲ್ಲ ಕೆಂಪು. ಅವರು ಬಾಣಲೆಗೆ ಹೇಳುವ ಹೆಸರು ಬೇರೆ ಕಡೆಗಳಲ್ಲಿ ಮ್ಯೂಸಿಯಮ್ಮಿನ ಹಳೆಯ ಕಂಚಿನ ಪಾತ್ರೆಗೆ ಮಾತ್ರ ಉಳಿದಿದೆಯಂತೆ. ಬೆಟ್ಟದ ಮೇಲಿನ ಊರುಗಳು ಹಸಿರು, ಅವರ ಹೆಸರು ಇನ್ನೊಂದು. ಎರಡರ ನಡುವೆ ಹುಡುಗಿ ಒಂದು ಗೆರೆ ಎಳೆದಿದ್ದಳು. ಆ ಗೆರೆ ಒಂದು ಕಡೆ ಬಂದು ಸುಮ್ಮನೆ ನಿಂತುಬಿಟ್ಟಿತ್ತು. ಅಲ್ಲಿ ಬಿಳಿ ಜಾಗ. ಅದೇ ಅಕ್ಕ ಹುಟ್ಟಿದ ಊರು.

ಅಲ್ಲಿ ಈಗ ಯಾರೂ ಇಲ್ಲ. ಎಲ್ಲರೂ ಕೆಳಗಿನ ಪಟ್ಟಣಗಳಿಗೆ ಇಳಿದುಹೋದರು. ಅಕ್ಕ ಮದುವೆಯಾಗಿ ಹೊಳೆಯ ಕೆಳಗಿನ ಊರಿಗೆ ಹೋದವಳು. ಗಂಡ ತೀರಿಕೊಂಡ ಮೇಲೆ ಮಗನ ಜೊತೆ ಇಲ್ಲಿಗೆ ಬಂದವಳು. ತನ್ನ ಊರಿಗೊಂದು ಚುಕ್ಕೆ ಬೇಕೆಂದು ಅವಳಿಗೆ ಆಸೆ. ಒಂದು ಚುಕ್ಕೆ, ಅಷ್ಟೇ. ತನ್ನ ತಾಯಿ ಮಾತಾಡಿದ ಮಾತು ಭೂಮಿಯ ಮೇಲೆ ಒಂದು ಕಡೆ ಇತ್ತು ಎನ್ನುವುದಕ್ಕೆ. ಆದರೆ ಹುಡುಗಿಯ ಓದಿಗೆ ಒಂದು ಕಟ್ಟಳೆ ಇದೆ: ಮಾತು ಕೊಡುವವರು ಆ ಊರಿನಲ್ಲೇ ಹುಟ್ಟಿ, ಅಲ್ಲೇ ಮುದುಕರಾಗಿರಬೇಕು.

ಹುಡುಗಿ ಇಂಗ್ಲಿಷಿನಲ್ಲಿ ಹೇಳಿದ ಇದನ್ನು ನಿಮ್ಮಮ್ಮ ನನಗೆ ಕನ್ನಡದಲ್ಲಿ ಹೇಳಿದಾಗ ನಾನು, ‘ಹೆಣ್ಮಕ್ಕಳು ಎಲ್ಲಿ ಹುಟ್ಟಿದಲ್ಲೇ ಇರ್ತಾರೆ ಮಗಾ?’ ಅಂದೆ.

ಅವಳು ಅದನ್ನು ಇಂಗ್ಲಿಷಿನಲ್ಲಿ ಹೇಳಿದಳು. ಹುಡುಗಿ ಕೆಂಪಾದಳು. ‘ಅವಳ ಚುಕ್ಕೆಗಳೆಲ್ಲ ತಾತಂದಿರೇ ಅಂತೆ ಅಮ್ಮ,’ ಎಂದು ನಿಮ್ಮಮ್ಮ ನಕ್ಕಳು. ‘ಈ ಆಂಟಿ ಒಂದು ವಾರ ಅವಳ ಹತ್ರ ಮಾತು ಬಿಟ್ಟಿದ್ರಂತೆ. ನನ್ನ ಅನ್ನ ಬೇಕು, ನನ್ನ ಬಾಯಿ ಬೇಡ್ವಾ ನಿಂಗೆ ಅಂತ ಮೊದ್ಲೇ ಬೈದಿದ್ರಂತೆ.’

ಕೊನೆಗೆ ಹುಡುಗಿ ತನ್ನ ಮೇಷ್ಟ್ರನ್ನು ಕೇಳಿದ್ದಾಳೆ. ಅವರು, ಅಜ್ಜಿಯ ಬಾಯಿಂದ ತವರಿನ ಮಾತು ತಾನಾಗಿಯೇ ಬಂದರೆ ಒಳಗೆ ಬಣ್ಣ ತುಂಬದ ಚುಕ್ಕೆ ಇಡಬಹುದು ಎಂದಿದ್ದಾರೆ. ಈ ಮಾತು ಇಲ್ಲಿ ಇದ್ದರೂ ಇರಬಹುದು ಎಂದು ಅದರ ಅರ್ಥ. ಯಾರೂ ಹೇಳಿಕೊಡಬಾರದು.

ಇಲ್ಲಿ ನಿಮ್ಮ ತಾತನ ವಿಷಯ ಬರೆಯಬೇಕು. ಅವರ ಹಿರಿಯರೂ ಕರಾವಳಿಯವರೇ. ಅವರಜ್ಜ ಮದ್ದೂರಿಗೆ ಬಂದು ಹೋಟೆಲು ಇಟ್ಟಮೇಲೆ ಮನೆಯ ಮಾತೆಲ್ಲ ಮಂಡ್ಯದ್ದಾಯಿತು. ನಾನು ಮದುವೆಯಾಗಿ ಬಂದ ಹೊಸದರಲ್ಲಿ ಕಸ ಗುಡಿಸಲು ‘ಹಿಡಿಸೂಡಿ’ ಕೇಳಿದೆ. ಅತ್ತೆ, ‘ಅದೇನಮ್ಮಿ ಅಂಗಂದ್ರೆ? ತಿನ್ನಾದಾ?’ ಅಂದರು. ಮನೆಯವರೆಲ್ಲ ನಕ್ಕರು. ‘ಪರಕೆ ಅನ್ನವ್ವ, ಪರಕೆ.’ ನಾನು ಮೊದಲೇ ಬಾಯಿಲ್ಲದವಳು, ಆಮೇಲೆ ಪೂರ್ತಿ ಮುಚ್ಚಿಕೊಂಡೆ. ಬೇಕಾದದ್ದನ್ನು ನಾನೇ ಹುಡುಕಿಕೊಳ್ಳುತ್ತಿದ್ದೆ, ಕೇಳುತ್ತಿರಲಿಲ್ಲ.

ಒಂದು ಮಧ್ಯಾಹ್ನ ಹೋಟೆಲಿನಿಂದ ಬಂದ ನಿಮ್ಮ ತಾತ, ಅತ್ತೆ ಮಾವ ಎಲ್ಲರೂ ಕೂತಿದ್ದಾಗ, ಗಟ್ಟಿಯಾಗಿ ಕೂಗಿದರು: ‘ಹಿಡಿಸೂಡಿ ಎಲ್ಲಮ್ಮಿ? ತತ್ತಾ ಇಲ್ಲಿ!’

ಅತ್ತೆ ಹಣೆ ಚಚ್ಚಿಕೊಂಡರು. ‘ಸರಿ ಓಯ್ತು. ಇವನೂ ಕೆಟ್ಟ.’

ಅವತ್ತಿನಿಂದ ನಮ್ಮ ಮನೆಯಲ್ಲಿ ಅದು ಹಿಡಿಸೂಡಿಯೇ. ನಾನು ಅವರ ಅಮ್ಮಿ ಕಲಿತೆ, ಅವರು ನನ್ನ ಹ್ವಾಯ್ ಕಲಿತರು. ಕುಂದಾಪುರದಲ್ಲಿ ಯಾರೂ ಹಾಗೆ ಮಾತಾಡುವುದಿಲ್ಲ, ಮದ್ದೂರಿನಲ್ಲೂ ಇಲ್ಲ. ಅದು ನಮ್ಮ ಹೊಸ್ತಿಲಿನ ಒಳಗೆ ಮಾತ್ರ ಇದ್ದ ಮಾತು. ಅವರು ಹೋದಮೇಲೆ ಅವರ ಮುಖ ಫೋಟೋದಲ್ಲಿ ಉಳಿಯಿತು, ಅಂಗಿ ಟ್ರಂಕಿನಲ್ಲಿ ಉಳಿಯಿತು. ಆ ಮಾತು ಎಲ್ಲಿಯೂ ಉಳಿಯಲಿಲ್ಲ. ನಿಮ್ಮಮ್ಮನದು ಬೆಂಗಳೂರಿನ ಹಾಸ್ಟೆಲಿನ ಕನ್ನಡ, ನಿಮ್ಮದು ಇಲ್ಲಿಯ ಇಂಗ್ಲಿಷು. ನಾನು ಬರೆಯುತ್ತಿರುವುದು ಶಾಲೆಯಲ್ಲಿ ಕಲಿತದ್ದು. ಅದರಲ್ಲಿ ಅವರಿಲ್ಲ.

ಆ ದಿನಕ್ಕೆ ಬರುತ್ತೇನೆ. ನಿಮ್ಮಮ್ಮನಿಗೆ ಡ್ಯೂಟಿ ಇರಲಿಲ್ಲ. ನನ್ನನ್ನೂ ಕರೆದಿದ್ದರು. ಜೊತೆಗೊಬ್ಬರು ವಯಸ್ಸಾದವರು ಇದ್ದರೆ ಅಜ್ಜಿಗೆ ಧೈರ್ಯ ಎಂದು. ಹುಡುಗಿ ಫೋನನ್ನು ರೆಕಾರ್ಡಿಗೆ ಇಟ್ಟು, ಒಲೆಯ ಮೇಲಿದ್ದ ಬಾಣಲೆಯನ್ನು ತೋರಿಸಿ ಕೇಳಿದಳು. ಅಕ್ಕ ಥಟ್ಟನೆ ಹೇಳಿದಳು. ಹೇಳಿದವಳೇ ಬಾಯಿಗೆ ಕೈ ಅಡ್ಡ ಹಿಡಿದಳು.

‘ಗಂಡನ ಮನೆ ಮಾತು ಬಂದ್ಬಿಡ್ತಂತೆ,’ ಎಂದು ನಿಮ್ಮಮ್ಮ ಪಿಸುಗುಟ್ಟಿದಳು.

ಅಕ್ಕ ಕಣ್ಣು ಮುಚ್ಚಿಕೊಂಡಳು. ಮತ್ತೆ ಅದೇ ಬಂತು. ಮೂರನೆಯ ಸಲ ಏನೂ ಬರಲಿಲ್ಲ. ಹುಡುಗಿ ತುಟಿ ಕಚ್ಚಿಕೊಂಡು ಕೂತಿದ್ದಳು. ಅಕ್ಕಪಕ್ಕದ ಊರಿನವರು ಬಾಣಲೆಗೆ ಏನನ್ನುತ್ತಾರೆಂದು ಅವಳಿಗೆ ಗೊತ್ತು. ಆದರೆ ಅವಳು ಹೇಳಿದರೆ ಅದು ಅವಳ ಮಾತಾಗುತ್ತದೆ, ಅಜ್ಜಿಯದಲ್ಲ. ಅಕ್ಕ ನನ್ನ ಕಡೆ ತಿರುಗಿದಳು. ತಾಯಿಯನ್ನೇ ಕಳೆದುಕೊಂಡ ಮಗುವಿನ ಮುಖ.

ನನಗೆ ಏನು ತೋಚಿತೋ, ಎದ್ದು ಹೋಗಿ ಬಾಣಲೆ ತೆಗೆದುಕೊಂಡು ನೆಲಕ್ಕೆ ಕುಕ್ಕರಗಾಲಲ್ಲಿ ಕೂತೆ.

‘ಅಮ್ಮ, ಏನ್ ಮಾಡ್ತಿದೀಯ! ನಿನ್ ಮಂಡಿ!’

‘ಸುಮ್ನಿರು ಮಗಾ.’ ನನ್ನಮ್ಮ ಬಾವಿಕಟ್ಟೆಯಲ್ಲಿ ಬೂದಿ, ತೆಂಗಿನ ನಾರು ಹಾಕಿ ತಿಕ್ಕುತ್ತಿದ್ದಳಲ್ಲ, ಬರಿಗೈಯಲ್ಲಿ ಹಾಗೆ ತಿಕ್ಕಿ ತೋರಿಸಿದೆ. ತಿಕ್ಕುತ್ತ ಅಕ್ಕನನ್ನು ನೋಡಿ, ‘ಅಮ್ಮ? ಅಮ್ಮ?’ ಎಂದೆ.

ಅಕ್ಕ ನಕ್ಕುಬಿಟ್ಟಳು. ಹಾಗಲ್ಲ ಎಂದು ಕೈ ಅಲ್ಲಾಡಿಸಿ ತಾನೂ ನೆಲಕ್ಕೆ ಕೂತಳು. ಬಾಣಲೆ ಕಿತ್ತುಕೊಂಡು ಬೋರಲು ಹಾಕಿ, ಚಮಚದ ಅಂಚಿನಿಂದ ತಳವನ್ನು ಹೆರೆಯತೊಡಗಿದಳು, ಕರ್ ಕರ್ ಎಂದು. ಅವರ ಊರಿನಲ್ಲಿ ಅಂಗಳಕ್ಕೆ ತಂದು ಗುದ್ದಲಿಯ ಬಾಯಿಂದ ಹಾಗೆ ಮಸಿ ಹೆರೆಯುವುದಂತೆ. ಹೆರೆಯುತ್ತ ಹೆರೆಯುತ್ತ ಅವಳ ದನಿ ಮೇಲೇರಿತು. ಯಾರನ್ನೋ ಬೈಯತೊಡಗಿದಳು. ಸಣ್ಣ ಹುಡುಗಿಯನ್ನು ಬಾಗಿಲಿಂದ ಕೂಗಿ ಕರೆಯುವಂತೆ, ಕೆಲಸ ಬಿಟ್ಟು ಆಡಲು ಓಡಿದವಳ ಬೆನ್ನಿಗೆ ಕೂಗುವಂತೆ. ನಡುವೆ ಬಾಣಲೆಗೆ ಇನ್ನೊಂದು ಹೆಸರು ಬಂತು. ಹುಡುಗಿಯ ಕೈ ಎದೆಗೆ ಹೋಯಿತು.

ಅಕ್ಕನಿಗೆ ಆಮೇಲೆ ತಿಳಿಯಿತು. ಚಮಚ ಕೆಳಗಿಟ್ಟು ಮೆಲ್ಲಗೆ ಏನೋ ಹೇಳಿದಳು. ಮೊಮ್ಮಗಳು ಇಂಗ್ಲಿಷಿಗೆ ತಂದಳು, ನಿಮ್ಮಮ್ಮ ಕನ್ನಡಕ್ಕೆ ತಂದಳು.

‘ನಮ್ಮಮ್ಮ ಬಂದು ನನ್ನ ಬೈದು ಹೋದ್ಲು ಅಂತಿದಾರೆ, ಅಮ್ಮ.’

ಹುಡುಗಿ ಅಲ್ಲಿಯೇ ಪೆನ್ನು ತೆಗೆದುಕೊಂಡು ಬಿಳಿ ಜಾಗದಲ್ಲಿ ಒಂದು ಸಣ್ಣ ಸುತ್ತು ಬರೆದಳು. ಒಳಗೆ ಬಣ್ಣವಿಲ್ಲ. ನಿಂತಿದ್ದ ಗೆರೆಯನ್ನು ಅದರ ಕೆಳಗಿನಿಂದ ಹಾಯಿಸಿ ಮುಂದೆ ಎಳೆದಳು. ಅಕ್ಕನ ಊರು ಬೆಟ್ಟದ ಕಡೆಗೆ ಸೇರಿತು. ಅಕ್ಕ ಆ ಸುತ್ತಿನ ಮೇಲೆ ಉಗುರು ಇಟ್ಟು, ಬಹಳ ಹೊತ್ತು ತೆಗೆಯಲಿಲ್ಲ.

ನಾನು ಕಣ್ಣೊರೆಸಿಕೊಂಡಿದ್ದು ಅವಳ ಸಂತೋಷಕ್ಕೆ ಎಂದು ಎಲ್ಲರೂ ತಿಳಿದರು. ಸಂತೋಷ ಇತ್ತು. ಆದರೆ ಅದೊಂದೇ ಅಲ್ಲ. ಅವಳ ತಾಯಿಯ ಮಾತಿಗೆ ಒಂದು ಊರಾದರೂ ಇದೆ, ಖಾಲಿಯಾದರೂ ಇದೆ. ನಮ್ಮ ಮನೆಯ ಮಾತಿಗೆ ಚುಕ್ಕೆ ಎಲ್ಲಿ ಇಡುವುದು? ಮದ್ದೂರಿನ ಆ ಮನೆ ಈಗ ಬೇರೆಯವರದು. ಅವರು ಗುಡಿಸುವುದು ಪರಕೆಯಲ್ಲಿ.

ಮಾರನೆಯ ದಿನ ಯಾರೂ ಇಲ್ಲದಾಗ ನಾನೂ ಅಡುಗೆಮನೆಯಲ್ಲಿ ನಿಂತು ಹೇಳಿ ನೋಡಿದೆ. ಹಿಡಿಸೂಡಿ ಎಲ್ಲಮ್ಮಿ. ನನ್ನ ದನಿಯಲ್ಲಿ ಅದು ಬರೀ ಮಾತು. ಕರೆಯುವುದಕ್ಕೆ ಇನ್ನೊಬ್ಬರು ಬೇಕು. ಕೆಟಲ್ ಹಾಕಿದೆ.

ಆ ಶನಿವಾರ ಚಿಕ್ಕವನು ಸೀರಿಯಲ್ ಡಬ್ಬಿಯನ್ನು ನೆಲದ ತುಂಬ ಚೆಲ್ಲಿದ್ದು ನಿಮಗೆ ನೆನಪಿರಬಹುದು. ನಿಮ್ಮಮ್ಮ ಡ್ಯೂಟಿಗೆ ಹೊರಡುವ ಗಡಿಬಿಡಿಯಲ್ಲಿದ್ದಳು. ಒಂದು ಕೈಯಲ್ಲಿ ಟೀ ಕಪ್ಪು, ಇನ್ನೊಂದರಲ್ಲಿ ಬೂಟು. ನೆಲ ನೋಡಿದವಳೇ ದೊಡ್ಡವಳಾದ ನಿನ್ನ ಕಡೆ ತಿರುಗಿ ಗಟ್ಟಿಯಾಗಿ ಕೂಗಿದಳು:

‘ಹಿಡಿಸೂಡಿ ಎಲ್ಲಮ್ಮಿ? ತತ್ತಾ ಇಲ್ಲಿ!’

ತಾನು ಏನು ಅಂದೆ ಎಂದು ಅವಳಿಗೆ ಗೊತ್ತೇ ಇಲ್ಲ. ಅವಳಪ್ಪನ ಅವಸರ, ಅವಳಪ್ಪನ ಎಳೆತ, ಎಲ್ಲವೂ ಹಾಗೆಯೇ. ನೀನು ಫೋನಿನಿಂದ ತಲೆಯೆತ್ತದೆ, ‘ಇಟ್ಸ್ ಬಿಹೈಂಡ್ ದ ಡೋರ್, ಮಮ್!’ ಅಂದೆ. ನಿನಗೂ ಅರ್ಥವಾಗಿತ್ತು. ನಾನು ಸಿಂಕಿನ ಕಡೆ ತಿರುಗಿ ನಲ್ಲಿ ಬಿಟ್ಟುಕೊಂಡು ನಿಂತೆ.

ಮನೆಯಲ್ಲಿ ಹಿಡಿಸೂಡಿ ಇಟ್ಟ ಜಾಗದಲ್ಲಿ ಇರುವುದಿಲ್ಲ ಎಂದು ನೀವು ಈಚೆಗೆ ದೂರುತ್ತಿದ್ದೀರಿ. ಒಂದು ದಿನ ಬಾಗಿಲ ಹಿಂದೆ, ಒಂದು ದಿನ ಮೆಟ್ಟಿಲ ಕೆಳಗೆ, ಒಂದು ದಿನ ಹಿತ್ತಿಲಲ್ಲಿ. ಎತ್ತಿಡುತ್ತಿರುವುದು ನಾನೇ. ಅಮ್ಮನಿಗೆ ಓದಿ ಹೇಳಲು ಕೊಟ್ಟರೆ ಈ ಕೊನೆಯ ಪುಟ ಮಾತ್ರ ಕೊಡಬೇಡಿ. ತಿಳಿದರೆ ಅವಳು ಹಾಗೆ ಕೂಗಿ ಕೇಳುವುದನ್ನು ಬಿಟ್ಟಾಳು.