ಯಥಾಸ್ಥಿತಿಯ ಮಾಳಿಗೆ

ಮಾಳಿಗೆಯ ಮೇಲೆ ಬೆಳೆದ ಹುಲ್ಲನ್ನು ಕೀಳಬಹುದೇ ಎಂದು ವಕೀಲರನ್ನು ಕೇಳಿದವನು ಇಡೀ ನವಲಗುಂದದಲ್ಲಿ ನಾನೊಬ್ಬನೇ ಇರಬೇಕು. ನಗಬೇಡಿ. ಚಿಂತೆ ಮಾಡಲು ನನಗೆ ಕಾರಣ ಬೇಕಾಗಿಲ್ಲ. ಕೆಲವು ದಿನ ಚಿಂತೆಯೇ ಇಲ್ಲವಲ್ಲ ಎಂದು ಚಿಂತೆಯಾಗುತ್ತದೆ. ಅಂಥವನಿಗೆ ಒಂದು ಕೋರ್ಟು ಖಟ್ಲೆಯೂ ಸಿಕ್ಕಿತು.

ಊರಿಗೆ ಮೊದಲ ಟೀವಿ ಬಂದ ವರ್ಷವೇ, ನಾವು ಹದಿನಾಲ್ಕು ವರ್ಷದಿಂದ ಬಾಡಿಗೆಗಿದ್ದ ಮನೆಯನ್ನು ಮಾಲಕ ಚನ್ನಪ್ಪ ಕಾಕಾ ತಮ್ಮ ಮಗನ ಗೊಬ್ಬರದ ಅಂಗಡಿಗೆ ಬೇಕೆಂದರು. ನಾನು ಬಿಡುವುದಿಲ್ಲವೆಂದೆ. ಇಂಥ ಜಗಳದಲ್ಲಿ ಕೋರ್ಟು ಒಂದು ತಕ್ಕಡಿ ಹಿಡಿಯುತ್ತದೆ: ಬಿಟ್ಟರೆ ಬಾಡಿಗೆಯವನಿಗೆ ತೊಂದರೆ ಹೆಚ್ಚೋ, ಬಿಡದಿದ್ದರೆ ಮಾಲಕನಿಗೆ ಹೆಚ್ಚೋ? ತೊಂದರೆಯ ವಿಷಯದಲ್ಲಿ ನಾನು ಪಂಡಿತ. ಆದರೂ ಊರಿನ ಕೋರ್ಟಿನ ಕಟಕಟೆಯಲ್ಲಿ ಶಾಲೆ ಹತ್ತಿರ, ಕೆರೆ ಹತ್ತಿರ, ನನಗೆ ಸೊಂಟನೋವು ಎಂದೆಲ್ಲ ಹೇಳಿದೆನೇ ಹೊರತು, ಹೇಳಬೇಕಾದ್ದನ್ನು ನುಂಗಿಕೊಂಡೆ.

ನಾವು ಊರ ಹೊರಗಿನ ಕೇರಿಯಿಂದ ಬಂದು ಬೌದ್ಧರಾದವರು. ‘ನೀವು ಯಾವ ಮಂದಿ?’ ಎಂಬ ಪ್ರಶ್ನೆಗೆ ನಾನು ಉತ್ತರ ಕೊಟ್ಟ ಕೂಡಲೇ ಊರಿನ ಖಾಲಿ ಮನೆಗಳೆಲ್ಲ ಒಮ್ಮೆಲೇ ತುಂಬಿಬಿಡುತ್ತವೆ. ಕಾಕಾ ಒಬ್ಬರೇ ಅಂದು ಅದನ್ನು ಕೇಳದೆ ಕೀಲಿಕೈ ಕೊಟ್ಟಿದ್ದರು. ಇದನ್ನು ನನ್ನ ವಿದ್ಯಾರ್ಥಿಗಳ ಅಪ್ಪಂದಿರೆಲ್ಲ ನೆರೆದ ಕೋರ್ಟಿನಲ್ಲಿ ಹೇಳಲು ಮಾಸ್ತರನಾದ ನನಗೆ ನಾಚಿಕೆ. ‘ಊರಲ್ಲಿ ಬೇರೆ ಮನೆಗಳಿವೆ, ಬಿಡಿ’ ಎಂದು ತೀರ್ಪಾಯಿತು.

ಧಾರವಾಡದ ಮೇಲಿನ ಕೋರ್ಟಿಗೆ ಅಪೀಲು ಹಾಕಿದೆ. ಅದು ತೀರುವವರೆಗೆ ಮನೆ ಇದ್ದ ಹಾಗೇ ಇರಲಿ, ಯಥಾಸ್ಥಿತಿ, ಎಂದು ಆಜ್ಞೆಯಾಯಿತು. ಬುದ್ಧ ಎಲ್ಲವೂ ಅನಿತ್ಯ ಎಂದ. ಕೋರ್ಟು ಯಥಾಸ್ಥಿತಿ ಎಂದಿತು. ನಮ್ಮ ಮಣ್ಣಿನ ಮಾಳಿಗೆ ಬುದ್ಧನ ಮಾತು ಕೇಳಿತು. ವರ್ಷಕ್ಕೊಮ್ಮೆ ಮಳೆಗಾಲದ ಮುಂಚೆ ಹೊಸ ಮಣ್ಣು ಹಾಕದಿದ್ದರೆ ಅದು ಸೋರುತ್ತದೆ. ಕಾಕಾ ಹಾಕಲಿಲ್ಲ. “ನೀವೂ ಮುಟ್ಟಬ್ಯಾಡ್ರಿ, ಕಟ್ಟಡ ಬದಲ ಮಾಡ್ಯಾರಂತ ಅರ್ಜಿ ಕೊಡ್ತಾರ” ಎಂದರು ನಮ್ಮ ವಕೀಲರು. ಹುಲ್ಲಿಗೂ ಅದೇ ಉತ್ತರ. ಎರಡು ಮಳೆಗಾಲ ಅಡುಗೆಮನೆಯ ಪಾತ್ರೆಗಳು ಮೇಲೆ ನೋಡುತ್ತಾ ಬಾಯ್ದೆರೆದು ಕೂತವು.

ಮೂರನೆಯ ವರ್ಷ ಹೆಂಡತಿ ಅಂದಳು: “ಕೋರ್ಟಿನ ಹಾದಿ ನೋಡ್ಕೋಂತ ಕುಂದರ್ರಿ ನೀವು. ಮಾಳಿಗಿ ಬಿದ್ರ ನನ್ನ ತಲಿ ಮ್ಯಾಲ ಬೀಳ್ತದ, ಜಡ್ಜ್ ಸಾಹೇಬ್ರ ತಲಿ ಮ್ಯಾಲಲ್ಲ.”

ಒಂದು ಚಕ್ಕಡಿ ಮಣ್ಣು ತರಿಸಿ, ಧೋತರದ ಕಚ್ಚೆ ಬಿಗಿದು ಏರಿದೆ. ಕಾಕಾ ಓಡಿ ಬಂದು ಬೀದಿಯಲ್ಲಿ ನಿಂತರು.

“ಮಾಸ್ತರ, ಇಳೀರಿ ಕೆಳಗ! ಯಾರನ್ನ ಕೇಳಿ ಮಣ್ಣ ಹಾಕಾಕ ಹತ್ತೀರಿ?”

“ಮಳೀನ್ನ ಕೇಳೀನ್ರಿ ಕಾಕಾ. ಇಳಿಯೂದಿಲ್ಲ.”

ಅವರು ಹಿಂದೆ ಸರಿದು ಮಾಳಿಗೆಯ ಅಂಚು ನೋಡಿದರು. “ಥೂ! ಆ ಬಾಜು ಎತ್ತರ ಮಾಡ್ರಿ, ನೀರು ಗೋಡಿಗೆ ಇಳೀತದ. ಅರ್ಜಿ ನಾಳೆ ಹಾಕ್ತೀನಿ, ಮೊದಲ ನೆಟ್ಟಗ ಬಡೀರಿ!”

ಹೇಳಿದಂತೆ ಅರ್ಜಿ ಬಿತ್ತು. ಧಾರವಾಡದಲ್ಲಿ ನ್ಯಾಯಾಧೀಶರು ನನ್ನನ್ನೇ ಕೇಳಿದರು: “ಬಿಡಬೇಕಾದ ಮನೆಗೆ ಮಣ್ಣು ಯಾಕೆ ಹಾಕಿದಿರಿ?” ವಕೀಲರು ನನ್ನ ಕೋಟು ಜಗ್ಗಿದರು. ನಾಲಗೆ ಅಂದು ಯಾರ ಮಾತನ್ನೂ ಕೇಳಲಿಲ್ಲ.

“ಬಿಡೂ ಮನಿಗೆ ಹಾಕಿಲ್ರಿ ಸಾಹೇಬ್ರ, ಇರೂ ಮನಿಗೆ ಹಾಕೀನಿ. ನನ್ನ ಜಾತಿ ಕೇಳಿದ ಮ್ಯಾಲ ಆ ಊರಾಗ ಯಾರೂ ಮನಿ ಕೊಡೂದಿಲ್ಲ. ಬೇಕಾದ್ರ ಕಾಕಾನ್ನ ಕೇಳ್ರಿ.”

ಕಾಕಾ ಟೋಪಿ ತೆಗೆದು ತಲೆ ಕೆರೆದುಕೊಂಡರು. ಅವರ ವಕೀಲರು ಬೇಡವೆಂದು ಕಣ್ಸನ್ನೆ ಮಾಡಿದರು.

“ಖರೆ ಅದರಿ” ಎಂದರು ಕಾಕಾ, ಸಿಟ್ಟಿನಿಂದ. “ಯಾರ ಕೊಡ್ತಾರ? ನಾನೊಬ್ಬ ಹುಚ್ಚ ಕೊಟ್ಟೀನಿ.”

ಅಪೀಲು ಗೆದ್ದೆ. ಅದೇ ಮನೆಯಲ್ಲಿದ್ದೇನೆ. ನನ್ನ ತೊಂದರೆಯೇ ದೊಡ್ಡದೆಂದು ಕೋರ್ಟು ಮುದ್ರೆ ಒತ್ತಿ ಕೊಟ್ಟಿದೆ. ಮುದ್ರೆ ಬಿದ್ದ ಮಾತ್ರಕ್ಕೆ ಊರಿನ ಬಾಗಿಲುಗಳೇನೂ ತೆರೆದಿಲ್ಲ. ಹಾಗಾಗಿ ಎಲ್ಲಾದರೂ ಮನೆ ಖಾಲಿಯಿದೆ ಎಂದು ಸುದ್ದಿ ಬಂದರೆ, ಸಂಜೆ ಇಸ್ತ್ರಿಯ ಅಂಗಿ ತೊಟ್ಟು ಹೋಗಿ ಬಾಗಿಲು ಬಡಿಯುತ್ತೇನೆ. ನನಗೆ ಮನೆ ಬೇಕಾಗಿಲ್ಲ. ‘ಇಲ್ಲ’ ಎನ್ನಲು ಏನು ಕಾರಣ ಹೇಳುವುದೆಂದು ಒಂದಿಷ್ಟು ಹೊತ್ತು ಅವರೂ ಚಿಂತೆ ಮಾಡಲಿ.