ಹಸಿರು ಟೋಪಿಯ ಗೊಂಬೆ

ನಾಲ್ಕನೇ ಜ್ವರ ಕಳೆದ ಮೇಲೆ ರೇಷ್ಮೆ ಹುಳುವಿಗೆ ಹೊಟ್ಟೆ ತುಂಬುವುದೆಂಬುದೇ ಇಲ್ಲ. ಹುಳು ಚರ್ಮ ಕಳಚುವ ಮುಂಚೆ ಸೊಪ್ಪು ಮುಟ್ಟದೆ, ತಲೆ ಎತ್ತಿಕೊಂಡು ಒಂದು ದಿನ ಸುಮ್ಮನೆ ಕೂರುತ್ತದೆ. ಅದನ್ನೇ ನಾವು ಜ್ವರ ಅನ್ನುವುದು. ಅಂಥ ನಾಲ್ಕು ಜ್ವರ ದಾಟಿದ ಹುಳು ಮತ್ತೆ ಏಳೆಂಟು ದಿನ ಒಂದೇ ಸಮನೆ ತಿನ್ನುತ್ತದೆ. ಆ ದಿನಗಳಲ್ಲಿ ನಮ್ಮ ಮನೆಯಲ್ಲಿ ಯಾರ ಬೆನ್ನೂ ನೆಟ್ಟಗಿರುವುದಿಲ್ಲ. ಮಗ ಸೊಸೆ ತೋಟದಿಂದ ಸೊಪ್ಪಿನ ಹೊರೆ ತಂದು ಹಾಕುತ್ತಾರೆ, ಅದನ್ನು ಹುಳುವಿನ ಮೇಲೆ ಹಾಸುವುದು ನನ್ನ ಪಾಲಿಗೆ. ಹಾಸಿ ಮುಗಿಸಿ ಸೊಂಟ ಹಿಡಿದುಕೊಂಡು ಎದ್ದರೆ ಮೊದಲು ಹಾಸಿದ ಕಡೆ ಬರೀ ಕಡ್ಡಿ ಉಳಿದಿರುತ್ತದೆ.

ಅಂಥ ಒಂದು ಭಾನುವಾರ ನಾನು ಕಂಪ್ಯೂಟರ್ ಆಟಕ್ಕೆ ಕೂತೆ. ಅದಾಗಿ ಹುಳು ಹಣ್ಣಾಯಿತು, ಗೂಡು ಕಟ್ಟಿತು, ಗೂಡು ರಾಮನಗರದ ಮಾರುಕಟ್ಟೆಗೂ ಹೋಯಿತು. ನನ್ನ ಸಂತೋಷ ಮಾತ್ರ ಇನ್ನೂ ಇಳಿದಿಲ್ಲ. ಮೂರನೇ ಕ್ಲಾಸಿಗೆ ಬಿಟ್ಟ ಓದು ನನ್ನದು. ಮೊಮ್ಮಗಳ ಹಳೇ ನೋಟ್‌ಬುಕ್ಕಿನಲ್ಲಿ ಖಾಲಿ ಹಾಳೆ ಉಳಿದಿದ್ದವು, ಅದರಲ್ಲಿ ಬರೆಯುತ್ತಿದ್ದೇನೆ. ನನ್ನ ಬಾಯಿಂದ ಕೇಳಿ ಕೇಳಿ ಮನೆಯವರಿಗೆ ಸಾಕಾಗಿದೆ.

ನನಗೊಬ್ಬ ಗೆಳತಿ ಇದ್ದಾಳೆ. ಕುದೂರಿನ ಹತ್ತಿರ ನಮ್ಮಿಬ್ಬರದೂ ಒಂದೇ ಊರು, ಒಂದೇ ಗೋಡೆಯ ಎರಡು ಮನೆ. ನನ್ನನ್ನು ಪಕ್ಕದ ಹಳ್ಳಿಗೇ ಕೊಟ್ಟರು, ಅವಳನ್ನು ಚನ್ನಪಟ್ಟಣದ ಆಚೆ ದೊಡ್ಡಮಳೂರಿಗೆ ಕೊಟ್ಟರು. ಚಿಕ್ಕವರಾಗಿದ್ದಾಗ ಜಗಲಿಯ ಮೇಲೆ ಅಳಗುಳಿಮಣೆ ಆಡುತ್ತಿದ್ದೆವು, ಹುಣಸೆ ಬೀಜದಲ್ಲಿ. ಅವಳು ಕದಿಯುತ್ತಿದ್ದಳು. ಸೋಲುವಾಗಲ್ಲ, ಗೆಲ್ಲುವಾಗಲೇ. ನಾನು ಕೋಳಿಯನ್ನೋ ಕರುವನ್ನೋ ನೋಡಲು ತಲೆ ಎತ್ತಿದೆನೋ, ನನ್ನ ಕಡೆಯ ಮೂಲೆ ಗುಳಿಯಿಂದ ಒಂದೇ ಒಂದು ಬೀಜ ಮಾಯ. ಎರಡು ತೆಗೆದವಳಲ್ಲ. ತೆಗೆದದ್ದನ್ನು ಬಾಯೊಳಗೆ ಹಾಕಿಕೊಂಡು, ಗೋಡೆ ಕಡೆ ಮುಖ ತಿರುಗಿಸಿ, ಏನೂ ಅರಿಯದವಳ ಹಾಗೆ ಕೂರುತ್ತಿದ್ದಳು. ಬಾಯಲ್ಲಿ ಬೀಜ ಇದ್ದಷ್ಟು ಹೊತ್ತು ಮಾತಿಲ್ಲ. ಅದರಿಂದಲೇ ಸಿಕ್ಕಿಬೀಳುತ್ತಿದ್ದಳು.

"ಬಾಯಿ ಬುಡಮ್ಮಿ," ಅನ್ನುತ್ತಿದ್ದೆ ನಾನು.

ತಲೆ ಅಲ್ಲಾಡಿಸಿ ಮೂಗಿನಲ್ಲೇ ನಗುತ್ತಿದ್ದಳು. ಆಟ ಮುಗಿದ ಮೇಲೆ ಆ ಒದ್ದೆ ಬೀಜವನ್ನು ನನ್ನ ಅಂಗೈಗೆ ಉಗಿದು ಎದ್ದು ಹೋಗುತ್ತಿದ್ದಳು.

ಹೋದ ವರ್ಷ ಅವಳಿಗೆ ಲಕ್ವ ಹೊಡೆಯಿತು. ಬಲಗೈ ಬಲಗಾಲು ಬಿದ್ದವು, ಮಾತೂ ಹೋಯಿತು. ಅಲ್ಲಿಯವರೆಗೆ ವಾರಕ್ಕೆರಡು ಸಲ ಫೋನಿನಲ್ಲಿ ಜಗಳವಾಡುತ್ತಿದ್ದವರು ನಾವು. ನೋಡಿ ಬರೋಣವೆಂದು ಕುದೂರಿನಿಂದ ಮಾಗಡಿಗೆ, ಮಾಗಡಿಯಿಂದ ರಾಮನಗರಕ್ಕೆ, ಅಲ್ಲಿಂದ ಚನ್ನಪಟ್ಟಣಕ್ಕೆ ಬಸ್ಸು ಹತ್ತಿ ಇಳಿದು ಹೋದೆ. ಮಂಚದ ಮೇಲೆ ಒರಗಿಸಿದ್ದರು. ನನ್ನನ್ನು ನೋಡಿದಳು. ಗೋಡೆಯ ಕ್ಯಾಲೆಂಡರನ್ನೂ ಹಾಗೇ ನೋಡಿದಳು. ಒಂದು ಕಣ್ಣಿನಿಂದ ನೀರು ಇಳಿಯಿತು.

"ಆ ಕಣ್ಣಲ್ಲಿ ಯಾವಾಗ್ಲೂ ನೀರು ಬತ್ತದೆ, ತಪ್ಪು ತಿಳ್ಕಬ್ಯಾಡಿ," ಅಂದಳು ಅವಳ ಸೊಸೆ.

ಅವಳಿಗೆ ನನ್ನ ಗುರುತು ಸಿಕ್ಕಿತೋ ಇಲ್ಲವೋ, ಅದೊಂದು ತಿಳಿಯದೆ ವಾಪಸು ಬಂದೆ. ಮಂಡಿ ಊದಿ ಹದಿನೈದು ದಿನ ನೆಲಕ್ಕೆ ಕಾಲೂರಲಾಗಲಿಲ್ಲ. ಇನ್ನೊಮ್ಮೆ ಅಷ್ಟು ಬಸ್ಸು ಹತ್ತುವ ಶಕ್ತಿ ನನಗಿಲ್ಲ. ಸೊಪ್ಪು ಹಾಸುವಾಗೆಲ್ಲ ಇದೇ ಯೋಚನೆ. ಅರವತ್ತು ವರ್ಷದ ಗೆಳೆತನ ಅವಳ ಕಡೆ ಅಳಿಸಿಹೋಗಿ ನನ್ನ ಕಡೆ ಮಾತ್ರ ಉಳಿದಿದ್ದರೆ, ಅದನ್ನು ಹೊತ್ತುಕೊಂಡು ನಾನೊಬ್ಬಳೇ ಏನು ಮಾಡಲಿ?

ಹಾಗಿರುವಾಗ ಅವಳ ಮಗ ಫೋನ್ ಮಾಡಿದ. ಚನ್ನಪಟ್ಟಣದ ಬೊಂಬೆ ಕಾರ್ಖಾನೆಯಲ್ಲಿ ಮರ ಕಡೆಯುತ್ತಾನೆ, ನಲವತ್ತು ದಾಟಿದವನು, ನನ್ನನ್ನು ದೊಡ್ಡವ್ವ ಅನ್ನುತ್ತಾನೆ.

"ದೊಡ್ಡವ್ವ, ಅವ್ವ ಕಂಪ್ಯೂಟರ್‌ನಲ್ಲಿ ಆಟ ಆಡ್ತಾವ್ಳೆ. ಎಡಗೈ ಬೆರಳು ಆಡಿಸ್ಬೇಕು ಅಂದಿದ್ರು ಡಾಕ್ಟ್ರು. ನಾನು ಹುಡುಗ್ನಾಗಿದ್ದಾಗ ಸೈಬರ್ ಸೆಂಟರ್‌ನಲ್ಲಿ ಆಡ್ತಿದ್ದೆ ನೋಡಿ, ಆ ಆಟ. ಭಾನುವಾರ ಮಧ್ಯಾನ್ಕೆ ನಾನೇ ಒಂದು ಆಟ ಹೂಡ್ತೀನಿ. ಅವ್ವನ್ ಕಡೆ ಒಬ್ರು ಬೇಕು. ನೀವೇ ಬನ್ನಿ."

"ಹುಳ ಜ್ವರದಿಂದ ಎದ್ದವೆ ಕಣಪ್ಪ. ಬಸ್ಸು ಹತ್ತಕ್ಕಾಗಲ್ಲ."

"ಬಸ್ಸು ಬ್ಯಾಡ ದೊಡ್ಡವ್ವ. ಮನೇಲೆ ಕೂತ್ಕಂಡು ಆಡೋದು."

ಸಂತೋಷ ಆಗಬೇಕಿತ್ತು, ಆಗಲಿಲ್ಲ. ಮನೆಯವರು ಹೇಗೆ ಸಮಾಧಾನ ಮಾಡುತ್ತಾರೆಂದು ನನಗೆ ಗೊತ್ತು. ನಮ್ಮವ್ವನಿಗೆ ಕೊನೆಗಾಲದಲ್ಲಿ ಕಣ್ಣು ಹೋಗಿತ್ತು. ಅವಳ ತಮ್ಮ ಬಂದು ಹೋದನೆಂದು ನಾನೇ ಎಷ್ಟೋ ಸಲ ಸುಳ್ಳು ಹೇಳಿದ್ದೇನೆ, ಅವನು ಕೊಟ್ಟನೆಂದು ಬಾಳೆಹಣ್ಣನ್ನೂ ಕೈಗಿಟ್ಟಿದ್ದೇನೆ. ಇವನೂ ತಾಯಿಯ ಕೈಯನ್ನು ತಾನೇ ಹಿಡಿದು ಆಡಿಸಿ, ನೋಡಿ ದೊಡ್ಡವ್ವ, ಅವ್ವ ಆಡ್ತಾವ್ಳೆ ಅನ್ನಬಹುದು. ಇರಲಿ, ಹಾಗಾದರೂ ಅವಳ ಪಕ್ಕ ಒಂದು ಗಳಿಗೆ ಕೂತಂತಾಗುತ್ತದೆ ಅಂದುಕೊಂಡು ಒಪ್ಪಿದೆ.

ಮೊಮ್ಮಗಳು ರಾಮನಗರದಲ್ಲಿ ಓದುತ್ತಾಳೆ, ಶನಿವಾರ ಬಂದು ಸೋಮವಾರ ಹೋಗುತ್ತಾಳೆ. ಅವಳ ಲ್ಯಾಪ್‌ಟಾಪನ್ನು ಜಗಲಿಯ ಮೇಲಿಟ್ಟಳು, ನಮ್ಮ ಮನೆಯಲ್ಲಿ ನೆಟ್‌ವರ್ಕ್ ಸಿಗುವುದು ಅಲ್ಲೊಂದೇ ಕಡೆ.

"ಈ ಆಟದ ಕಂಪನಿಯೋರು ಎಂದೋ ಬಾಗ್ಲು ಹಾಕ್ಕೊಂಡ್ ಹೋದ್ರು ಕಣಜ್ಜಿ," ಅಂದಳು. "ಆಡ್ತಿದ್ದೋರಿಗೆ ಬುಡಕ್ಕೆ ಮನಸ್ಸಾಗ್ಲಿಲ್ಲ. ಅವ್ರೇ ಸೇರ್ಕಂಡು ಹೊಸ್ದಾಗಿ ಬರ್ದು ನಡೆಸ್ತಾವ್ರೆ. ಯಾರಿಗೂ ಸಂಬಳ ಇಲ್ಲ."

ಅದು ನನಗೆ ತಕ್ಷಣ ಅರ್ಥವಾಯಿತು. ನಮ್ಮ ತವರಿನ ಭಜನೆ ಮನೆಯೂ ಹಾಗೇ. ನಡೆಸುತ್ತಿದ್ದವರು ಊರು ಬಿಟ್ಟು ಹೋದ ಮೇಲೆ ಹಾಡುವವರೇ ಮನೆಯಿಂದ ಎಣ್ಣೆ ತಂದು ದೀಪ ಹಚ್ಚಿಕೊಂಡು ಬಂದರು.

ಮೊಮ್ಮಗಳು ಆಟವನ್ನು ಲ್ಯಾಪ್‌ಟಾಪಿಗೆ ಇಳಿಸಿ, ಗೆಳತಿಯ ಮಗ ಫೋನಿನಲ್ಲಿ ಹೇಳಿದ ಪಾಸ್‌ವರ್ಡ್ ಒತ್ತಿದಳು. ಒಳಗೆ ಬಿಡಲಿಲ್ಲ. ಇಂಗ್ಲಿಷಿನಲ್ಲಿ ಏನೋ ಕೆಂಪಗೆ ಬಂತು.

"ನಾನು ಇಳ್ಸಿದ ಆಟ ಹಳೇದು, ಅವ್ರದು ಹೊಸ್ದು. ಎರಡೂ ಒಂದೇ ಆಗೋಗಂಟ ಸೇರ್ಸಲ್ವಂತೆ."

"ಸರಿಯಾಗೇ ಐತಲ್ಲ," ಅಂದೆ. ಮೂರನೇ ಜ್ವರದ ಹುಳುವನ್ನೂ ನಾಲ್ಕನೇ ಜ್ವರದ ಹುಳುವನ್ನೂ ಒಂದೇ ತಟ್ಟೆಯಲ್ಲಿ ಯಾರು ಬಿಡುತ್ತಾರೆ?

ಹೊಸದನ್ನು ಇಳಿಸಲು ಹಚ್ಚಿದಳು. ತೆರೆಯ ಮೇಲೆ ಒಂದು ಗೆರೆ ಇರುವೆಯ ಹಾಗೆ ತೆವಳತೊಡಗಿತು. ಅವಳಿಗೆ ತಾಳ್ಮೆಯಿಲ್ಲ, ಮತ್ತೆ ಮತ್ತೆ ಒತ್ತಲು ಹೋದಳು. ನಾನು ಕೈ ಹಿಡಿದುಕೊಂಡೆ.

"ಮುಟ್ಬ್ಯಾಡ ಕಣವ್ವ. ಜ್ವರಕ್ಕೆ ಕೂತದೆ. ತಾನಾಗಿ ತಲೆ ಆಡ್ಸೋಗಂಟ ಸೊಪ್ಪು ತೋರಿಸ್ಬಾರ್ದು."

ಅದರ ಮೇಲೊಂದು ತೆಳ್ಳನೆ ಬಟ್ಟೆಯನ್ನೂ ಮುಚ್ಚಿದೆ. ಮೊಮ್ಮಗಳು ನಕ್ಕು ನಕ್ಕು ಸುಸ್ತಾದಳು. ಬಟ್ಟೆ ಮುಚ್ಚಿದರೆ ಲ್ಯಾಪ್‌ಟಾಪ್ ಕಾಯುತ್ತದಂತೆ, ತೆಗೆದಿಟ್ಟಳು. ಆಮೇಲೇನಾಯಿತೋ ನನಗೆ ತಿಳಿಯದು. ಮೂರು ದಿನದ ನಿದ್ದೆ ಬಾಕಿ ಇತ್ತು, ಕಂಬಕ್ಕೆ ಒರಗಿದವಳು ಹಾಗೇ ಮಲಗಿಬಿಟ್ಟಿದ್ದೆ.

"ಅಜ್ಜಿ, ಎದ್ದೇಳು. ಅವ್ರೆಲ್ಲ ಬಂದು ನಿಂತವ್ರೆ."

ಕಣ್ಣು ಬಿಟ್ಟೆ. ತೆರೆಯ ಮೇಲೆ ಹಸಿರು ಬಯಲು, ಮರಗಳು, ಎರಡು ಮನೆ. ನಾಲ್ಕು ಪುಟಾಣಿ ಗೊಂಬೆ. ಎದುರು ಕಡೆಯ ಇಬ್ಬರು ಯಾವ ಸೀಮೆಯವರೋ, ಹೆಸರು ಇಂಗ್ಲಿಷಿನಲ್ಲಿದ್ದವು. ನನ್ನದು ಹಳದಿ ಟೋಪಿಯ ಗೊಂಬೆ. ಪಕ್ಕದಲ್ಲಿ ಹಸಿರು ಟೋಪಿಯದು.

"ಅದೇ ಅವರು," ಅಂದಳು ಮೊಮ್ಮಗಳು.

ಆಟ ಸುಲಭದ್ದು. ಮರದಿಂದ ಹಣ್ಣು ಕಿತ್ತು ತಂದು ನಮ್ಮ ಬಾಗಿಲಿನ ಬುಟ್ಟಿಗೆ ಹಾಕಬೇಕು. ಒಬ್ಬೊಬ್ಬರಿಗೆ ಒಂದೊಂದು ಬುಟ್ಟಿ. ಎದುರಿನವರ ಬುಟ್ಟಿಯಿಂದ ಕದ್ದು ತರಲೂಬಹುದು. ಕೊನೆಗೆ ಒಂದು ಕಡೆಯ ಎರಡು ಬುಟ್ಟಿ ಸೇರಿಸಿ ಲೆಕ್ಕ. ಕೈಯಲ್ಲಿ ಉಳಿದದ್ದು ಲೆಕ್ಕಕ್ಕಿಲ್ಲ.

ಲ್ಯಾಪ್‌ಟಾಪಿನ ಮೇಲೆ ಬೆರಳು ಉಜ್ಜಿದೆ. ಗೊಂಬೆ ಕದಲಲಿಲ್ಲ. ಸೊಪ್ಪು ಮುರಿದು ಮುರಿದು ನನ್ನ ಬೆರಳು ಮರದ ತೊಗಟೆಯಾಗಿವೆ, ಅದಕ್ಕೆ ಅವು ಬೆರಳೆಂದೇ ಗೊತ್ತಾಗಲಿಲ್ಲ. ಮೊಮ್ಮಗಳು ಮೌಸ್ ಸಿಕ್ಕಿಸಿ ಕೊಟ್ಟಳು. ಆಗ ಗೊಂಬೆ ಹೊರಟಿತು. ನಾನು ಒತ್ತಿದ್ದು ಈಗ, ಅದು ನಡೆಯುವುದು ಆಮೇಲೆ, ನನ್ನ ಮಂಡಿಯ ಹಾಗೇ. ಒಂದು ಹಣ್ಣು ತರುವಷ್ಟರಲ್ಲಿ ಎದುರಿನವರು ಐದು ತಂದಿದ್ದರು.

ಫೋನು ಜಗಲಿಯ ಮೇಲೆ ಸ್ಪೀಕರಿನಲ್ಲಿತ್ತು. ನಾನು ಅದಕ್ಕೆ ಬಗ್ಗಿ, "ಏನಮ್ಮಿ, ನಾನು ಯಾರಂತ ಗೊತ್ತಾಯ್ತಾ?" ಅಂದೆ.

ಉಸಿರಾಟ ಕೇಳಿತು. ಅಷ್ಟೆ.

"ಕೇಳಿಸ್ಕತಾವ್ಳೆ ದೊಡ್ಡವ್ವ," ಅಂದ ಅವಳ ಮಗ. ಅವನೇನೋ ಹಾಗೇ ಅನ್ನುತ್ತಾನೆ. ನಾನು ಅಂದಿರಲಿಲ್ಲವೇ ನಮ್ಮವ್ವನಿಗೆ?

ಹಸಿರು ಟೋಪಿಯ ಗೊಂಬೆ ಚೆನ್ನಾಗಿಯೇ ಆಡುತ್ತಿತ್ತು. ಎದುರಿನವರ ಬುಟ್ಟಿಗೆ ಹೋಗಿ ಬಂತು, ಮರಕ್ಕೆ ಹೋಗಿ ಬಂತು. ಅಷ್ಟು ಅಚ್ಚುಕಟ್ಟಾಗಿ ನಡೆದಷ್ಟೂ ನನಗೆ ಅನುಮಾನ ಹೆಚ್ಚಾಯಿತು. ಮರ ಕಡೆಯುವ ಕೈಯ ನಿಗಾ ಅದು, ಮಗನದೇ ಅಂದುಕೊಂಡೆ. ಮೈ ಇನ್ನಷ್ಟು ಭಾರವಾಯಿತು. ಆಟ ಬೇಗ ಮುಗಿದರೆ ಸಾಕು, ಮುಂದಿನ ಸೊಪ್ಪು ಹಾಕುವ ಮುಂಚೆ ಒಸಿ ಹೊತ್ತು ಮಲಗಬಹುದು ಅನ್ನಿಸಿತು.

ಮಗ ಕೂಗಿದ: "ನಾವು ಮುಂದಿದ್ದೀವಿ ದೊಡ್ಡವ್ವ. ಎರಡೇ ಹಣ್ಣು ಜಾಸ್ತಿ. ಇನ್ನೊಂದು ಗಳಿಗೆ ತಡ್ಕೊಂಡ್ರೆ ಗೆದ್ವಿ."

ಅಷ್ಟರಲ್ಲಿ ನಮ್ಮ ಹಸು ಹಗ್ಗ ಸುತ್ತಿಕೊಂಡು ಅರಚಿತು. ತಲೆ ಎತ್ತಿ ಅತ್ತ ನೋಡಿದೆ. ಮತ್ತೆ ತೆರೆ ನೋಡಿದಾಗ ಹಸಿರು ಟೋಪಿ ನಮ್ಮ ಬಾಗಿಲಲ್ಲಿತ್ತು. ತನ್ನ ಬುಟ್ಟಿಯ ಹತ್ತಿರವಲ್ಲ, ನನ್ನ ಬುಟ್ಟಿಯ ಹತ್ತಿರ. ಒಂದು ಹಣ್ಣು ತೆಗೆದುಕೊಂಡಿತು. ತೆಗೆದುಕೊಂಡು ಬಯಲಿಗೂ ಹೋಗಲಿಲ್ಲ, ತನ್ನ ಬುಟ್ಟಿಗೂ ಹಾಕಲಿಲ್ಲ. ಮನೆಯ ಮೂಲೆಗೆ ನಡೆದು, ಗೋಡೆ ಕಡೆ ಮುಖ ಮಾಡಿ ನಿಂತುಬಿಟ್ಟಿತು.

ಫೋನಿನಲ್ಲಿ ಮಗನ ಗದರಿಕೆ ಕೇಳಿತು. "ಅವ್ವ, ಅದು ನಮ್ದೇ ಬುಟ್ಟಿ. ದೊಡ್ಡವ್ವಂದು. ಯಾಕ್ ತಗುದೆ? ಹಾಕು, ಹಾಕು ವಾಪಸ್ಸು. ಅಯ್ಯೋ, ಕೈ ಯಾಕ್ ತಳ್ತೀಯ? ದೊಡ್ಡವ್ವ, ಒಂದು ತಿಂಗ್ಳಿಂದ ಆಡ್ತಾವ್ಳೆ, ಒಂದಿನಾನೂ ಹಿಂಗ್ ಮಾಡ್ದೋಳಲ್ಲ. ಮೌಸ್ ಕೊಡು ಅಂದ್ರೆ ಕೊಡ್ತಿಲ್ಲ."

ಮೌಸ್ ಬಿಟ್ಟು ಎರಡೂ ಕೈ ಮಡಿಲಲ್ಲಿಟ್ಟುಕೊಂಡೆ.

"ಅಜ್ಜಿ, ಹಣ್ಣು ಕಿತ್ಕೊಂಡ್ ಬಾ, ಟೈಮ್ ಐತೆ," ಅಂದಳು ಮೊಮ್ಮಗಳು.

"ಸುಮ್ಕಿರವ್ವ."

ಎದುರಿನವರು ನನ್ನ ಬುಟ್ಟಿಯಿಂದ ಒಂದು ಕದ್ದು ತಮ್ಮದಕ್ಕೆ ಹಾಕಿಕೊಂಡರು, ಒಂದೆಂದರೆ ಒಂದೇ ಹಣ್ಣಿನಿಂದ ಗೆದ್ದರು. ಆಟ ಮುಗಿದ ಗಂಟೆ ಹೊಡೆಯಿತು. ಹಸಿರು ಟೋಪಿ ಗೋಡೆಯ ಕಡೆ ತಿರುಗಿಯೇ ನಿಂತಿತ್ತು, ಕೈಯಲ್ಲಿ ನನ್ನ ಹಣ್ಣು.

"ಏನೂ ಅನ್ಕಬ್ಯಾಡಿ ದೊಡ್ಡವ್ವ," ಅಂದ ಮಗ, ನಾಚಿಕೆಯಿಂದ. "ಅವ್ವಂಗೆ ಯಾರ ಬುಟ್ಟಿ ಯಾವ್ದು ಅಂತ ಮರ್ತೋಗದೆ."

"ಮರ್ತಿಲ್ಲ ಕಣಪ್ಪ. ನೀನು ಒಸಿ ಸುಮ್ಕಿದ್ದು ಫೋನು ಅವಳ ಕಿವಿ ತಾವ ಹಿಡಿ."

ಹಿಡಿದ. ನಾನು ಇತ್ತ ಫೋನಿಗೆ ಬಗ್ಗಿದೆ. ಆಮೇಲೆ ಅಂದೆ: "ಬಾಯಿ ಬುಡಮ್ಮಿ."

ಮಾತು ಬಾರದವಳಿಗೆ ಹೀಗೆ ಅನ್ನಬಹುದೇ ಎಂದು ಮೊಮ್ಮಗಳು ನನ್ನ ಮುಖ ನೋಡಿದಳು. ಅತ್ತ ಒಂದು ಉಸಿರು ನಿಂತಿತು. ಆಮೇಲೆ ಮೂಗಿನಿಂದ, ತುಂಡು ತುಂಡಾಗಿ, ಆ ಹಳೇ ನಗು ಬಂತು. ಒಂದು ಸಲ ಬಂದು ನಿಂತು ಮತ್ತೆ ಬಂತು.

"ಅವ್ವ ನಗ್ತಾವ್ಳೆ ದೊಡ್ಡವ್ವ," ಅಂದ ಮಗ. "ಇಷ್ಟು ದಿವ್ಸಕ್ಕೆ ಇವತ್ತೇ ಮೊದ್ಲು."

"ನಗ್ಲಿ ಬುಡು. ಕಳ್ಳಿ. ನಂದು ಒಂದು ಅವಳ ತಾವ ಉಳ್ದದೆ, ಕೊಡ್ಬೇಕು ಅಂತ ಹೇಳು."

ಲ್ಯಾಪ್‌ಟಾಪ್ ಮುಚ್ಚುವ ಹೊತ್ತಿಗೆ ಸೊಪ್ಪಿನ ಹೊರೆ ಅಂಗಳಕ್ಕೆ ಬಂದು ಬಿದ್ದಿತ್ತು. ಎದ್ದೆ. ಮಂಡಿ ಕಟಕಟ ಅಂದವು, ಸೊಂಟ ಮೊದಲಿನಂತೆಯೇ ನೋಯುತ್ತಿತ್ತು. ಕೈಕಾಲು ತೊಳೆದುಕೊಂಡು ಹುಳುವಿನ ಮನೆ ಹೊಕ್ಕೆ. ಸೊಸೆ ಸೊಪ್ಪಿನ ಹೊರೆ ಬಿಡಿಸುತ್ತ, "ಗೆದ್ರಾ ಅತ್ತೆ?" ಅಂದಳು.

"ಸೋತ್ವಿ," ಅಂದೆ. ನಗು ತಡೆಯಲಾಗಲಿಲ್ಲ, ಸೆರಗನ್ನು ಬಾಯಿಗಿಟ್ಟುಕೊಂಡೆ.

ನಿದ್ದೆಗೆಟ್ಟು ಅತ್ತೆಯ ತಲೆ ಕೆಟ್ಟಿತೆಂದೇ ಅವಳು ತಿಳಿದಿರಬೇಕು. "ಹೋಗಿ ಒಸಿ ಮಲಿಕಳಿ, ನಾನು ಹಾಸ್ತೀನಿ," ಅಂದಳು.

ಬೇಡವೆಂದು ತಲೆ ಅಲ್ಲಾಡಿಸಿ ಒಂದು ಹಿಡಿ ಸೊಪ್ಪು ಎತ್ತಿಕೊಂಡೆ. ಹುಳು ಆಗಲೇ ತಲೆ ಆಡಿಸುತ್ತ ಸೊಪ್ಪಿಗೆ ಕಾಯುತ್ತಿದ್ದವು.